ಕ್ಯಾಮೆರಾ ಎಲ್ಲಿದೆ?

1916, ಮಾರ್ಚ್ 6, ಸೋಮವಾರ. ಲಾಸ್ ಏಂಜಲೀಸ್

ಬೆಳಿಗ್ಗೆ ಎಂಟಕ್ಕೇ ಮುಖಕ್ಕೆ ಬಿಳಿ ಬಣ್ಣ. ಇವತ್ತಿನ ಕಥೆ — ಗಂಡ ತಡವಾಗಿ ಬರುತ್ತಾನೆ, ಹೆಂಡತಿ ಲಟ್ಟಣಿಗೆ ಹಿಡಿದು ಕಾಯುತ್ತಾಳೆ. ಹೋದ ವಾರವೂ ಇದೇ. ಗಂಡನ ಪಾತ್ರ ಬಾರ್ನಿಯದು. ಮನೆಯಲ್ಲೂ ಅವನೇ ಗಂಡ. ಸಿನಿಮಾದಲ್ಲಿ ನಾನು ಹೊಡೆಯುತ್ತೇನೆ, ಮನೆಯಲ್ಲಿ ಅವನು.

ಎಡಗಣ್ಣು ಊದಿತ್ತು. ಡೈರೆಕ್ಟರ್ ಕೀಫ್ ಗಲ್ಲ ಹಿಡಿದು ತಿರುಗಿಸಿ ನೋಡಿದ. "ಬಣ್ಣ ಮೆತ್ಬೇಡ ಎಫಿ, ಹೀಗೇ ಇರ್ಲಿ. ಜನ ಬಿದ್ದು ಬಿದ್ದು ನಗ್ತಾರೆ."

ಬಾರ್ನಿಯೂ ನಕ್ಕ. ದರಿದ್ರದವನು.

ಮಾರ್ಚ್ 9

ನಿನ್ನೆ ಸೂಪು ತಣ್ಣಗಿದೆ ಅಂತ ಕುರ್ಚಿ ಎತ್ತಿದ. ಪಕ್ಕೆಯಲ್ಲಿ ಏನೋ ಮುರಿದಿದೆ, ಉಸಿರೆಳೆದರೆ ಚುಚ್ಚುತ್ತದೆ. ಓಡಿಹೋಗಿ ಬೀದಿಯ ಪೊಲೀಸಿನವನನ್ನು ಕರೆತಂದೆ. ಬಾಗಿಲಲ್ಲಿ ಬಾರ್ನಿಯನ್ನು ನೋಡಿದ್ದೇ ಅವನ ಮುಖ ಅರಳಿತು.

"ಅಯ್ಯೋ, ನೀವಾ? ಶನಿವಾರ ತಾನೇ ಮಕ್ಕಳ್ನ ಕರ್ಕೊಂಡು ಹೋಗಿದ್ದೆ ನಿಮ್ಮ ಸಿನಿಮಾಕ್ಕೆ. ಏನ್ ಸಾರ್, ಪ್ರಾಕ್ಟೀಸಾ?"

"ಮತ್ತೇನು. ಇವಳಿಗೆ ಬೀಳೋದು ಇನ್ನೂ ಸರಿಯಾಗಿ ಬರಲ್ಲ" ಅಂದ ಬಾರ್ನಿ.

"ಪ್ರಾಕ್ಟೀಸ್ ಅಲ್ಲ, ಸಾಯಿಸ್ತಾನೆ ನನ್ನ" ಅಂದೆ.

ಪೊಲೀಸಿನವನು ಹೊಟ್ಟೆ ಹಿಡಿದುಕೊಂಡು ನಕ್ಕ.

ಮಾರ್ಚ್ 17

ನಾಳೆ ಅವನೊಬ್ಬನಿಗೇ ಶೂಟಿಂಗ್. ಸ್ಯಾಕ್ರಮೆಂಟೊದಲ್ಲಿ ಅಕ್ಕ ಇದ್ದಾಳೆ. ಹೊರಟುಬಿಡುತ್ತೇನೆ... ಇಲ್ಲೇ ಇದ್ದರೆ ಒಂದು ದಿನ ಹೆಣವಾಗುತ್ತೇನೆ.

ಮಾರ್ಚ್ 18, ಸಂಜೆ

ರೈಲು ಬಂದಿತ್ತು. ಒಂದು ಕಾಲು ಮೆಟ್ಟಿಲ ಮೇಲಿಟ್ಟಿದ್ದೆ. ಹೇಗೆ ಗೊತ್ತಾಯಿತೋ, ಹಿಂದಿನಿಂದ ಬಂದು ಕೂದಲು ಹಿಡಿದ. ಪ್ಲಾಟ್‌ಫಾರ್ಮಿನ ಉದ್ದಕ್ಕೂ ಎಳೆದ.

"ಬಿಡಿಸ್ರಪ್ಪಾ, ಯಾರಾದ್ರೂ ಬಿಡಿಸಿ" ಅಂತ ಕೂಗಿದೆ.

ಜನ ಸರಿದು ಜಾಗ ಬಿಟ್ಟರು. ಕ್ಯಾಮೆರಾವನ್ನು ಗಾಡಿಯಲ್ಲಿ ಬಚ್ಚಿಟ್ಟು, ಹೇಳದೆ ಕೇಳದೆ ಬೀದಿಯಲ್ಲೇ ಶೂಟಿಂಗ್ ಮಾಡುವವರು ನಾವು. ಊರಿಗೆಲ್ಲ ಗೊತ್ತು. ಎಲ್ಲರ ಕಣ್ಣುಗಳೂ ಕ್ಯಾಮೆರಾ ಹುಡುಕುತ್ತಿದ್ದವು. ಒಬ್ಬ ಮುದುಕಿ ಟೋಪಿ ಸರಿಮಾಡಿಕೊಂಡಳು. "ಅಡ್ಡ ನಿಲ್ಬೇಡ್ರಿ, ಪಿಕ್ಚರ್ ಕೆಡುತ್ತೆ" ಅಂತ ಕೂಲಿಯವನು ಗದರಿದ. ಬಾರ್ನಿ ಬಗ್ಗಿ ವಂದಿಸಿದ. ಚಪ್ಪಾಳೆ.

ಅಷ್ಟು ಜನ. ಒಬ್ಬರೂ ಕೈ ಚಾಚಲಿಲ್ಲ.

ಮಾರ್ಚ್ 19, ಭಾನುವಾರ, ಮಧ್ಯಾಹ್ನ

ಬೆಳಿಗ್ಗೆಯಿಂದ ಬಾರ್ನಿ ಕೆಳಗೆ ಕೂತು ಕುಡಿಯುತ್ತಿದ್ದಾನೆ. ಭಯವಾಗುತ್ತಿದೆ. ಕೋಣೆ ಬಾಗಿಲಿಗೆ ಮೇಜು ಅಡ್ಡ ಇಟ್ಟಿದ್ದೇನೆ. ಕಿಟಕಿ ತೆರೆದು ಎದುರುಮನೆಯ ಮಿಸೆಸ್ ಟಟಲ್ ಅವರನ್ನು ಕೂಗಿದೆ. "ಯಾರನ್ನಾದ್ರೂ ಕರೀರಿ, ಈ ಸಲ ನನ್ನ ಬಿಡಲ್ಲ ಅವನು."

ಕೈ ಬೀಸಿ ಒಳಗೆ ಓಡಿದರು. ಸದ್ಯ, ಬದುಕಿದೆ ಅಂದುಕೊಂಡೆ.

ಮಕ್ಕಳನ್ನು ಕರೆದುಕೊಂಡು ಬಂದಿದ್ದಾರೆ. ಹುಲ್ಲಿನ ಮೇಲೆ, ನನ್ನ ಕಿಟಕಿಗೆ ಮುಖ ಮಾಡಿ, ಸಾಲಾಗಿ ಕೂರಿಸುತ್ತಿದ್ದಾರೆ. ಮೆಟ್ಟಿಲಲ್ಲಿ ಕಾಲ ಸಪ್ಪಳ. ಮೇಜು ಸರಿಯು—