ಉದ್ದ ತೋಳಿನ ಕಿಮೋನೊ

ಕನಜಾವಾ

ಚಿಗುಸಾ,

ಭಾನುವಾರ ನಿನ್ನ ನೃತ್ಯಕ್ಕೆ ಹೇಳದೆ ಬಂದು ಕೊನೆಯ ಸಾಲಿನಲ್ಲಿ ಕೂತಿದ್ದೆ. ಮದುವೆಯಾದವಳಿಗೆ ಸಲ್ಲದೆಂದು ಕತ್ತರಿಸಿಟ್ಟಿದ್ದ ನನ್ನ ಕಿಮೋನೊದ ಉದ್ದ ತೋಳುಗಳನ್ನು ಮತ್ತೆ ಹೊಲಿದು ತೊಟ್ಟು, ಎರಡು ಮಕ್ಕಳ ತಾಯಿ ನೀನು ಬೀಸಿ ಬೀಸಿ ಕುಣಿದೆ. ಆಮೇಲೆ ನನ್ನ ಅತ್ತೆಯ, ಅಂದರೆ ನಿನ್ನ ಅಜ್ಜಿಯ, ಪಾತ್ರವಾಗಿ ಬೆನ್ನು ಬಾಗಿಸಿ ಕತ್ತರಿ ಹಿಡಿದೆ.

"ಎಂಥಾ ರಾಕ್ಷಸಿ ಅತ್ತೆ ಕಣ್ರೀ!" ಎಂದಳು ಪಕ್ಕದವಳು. ನಾನೂ ತಲೆಯಾಡಿಸಿದೆ.

ಅಜ್ಜಿ ಕತ್ತರಿಸಿದರೆಂದು ನಿನಗೆ ಹೇಳಿದವಳು ನಾನೇ. ಅದು ಸುಳ್ಳು. ಅವರು ನನ್ನ ಕೈ ಹಿಡಿದು, "ಇರ್ಲಿ ಬಿಡೇ ಹುಡುಗಿ, ಎಷ್ಟು ಚೆಂದ ಕಾಣ್ತೀಯ" ಅಂದಿದ್ದರು. ಬೀದಿಯವರ ಬಾಯಿಗೆ ಹೆದರಿದವಳು ನಾನು.

ಎಡತೋಳಿನ ಹೊಲಿಗೆ ಬಿಡುತ್ತಿದೆ, ಕಳಿಸು, ಹಾಕಿಕೊಡುತ್ತೇನೆ. ಇನ್ನು ಮೇಲೆ ಕತ್ತರಿ ಹಿಡಿಯುವಾಗ ಬೆನ್ನು ಬಾಗಿಸಬೇಡ. ನನಗಾಗ ಇಪ್ಪತ್ತೊಂದು, ನೆಟ್ಟಗೆ ನಿಂತೇ ಕತ್ತರಿಸಿದ್ದೆ.

ನಿನ್ನ ಅಮ್ಮ,
ತೊಮಿ