ಏಳನೇ ತಾಕಿಗೆ ಗೊಬ್ಬರ ಹಾಕಬೇಡಿ

ಕೃಷಿ ಸಂಶೋಧನಾ ಕೇಂದ್ರದ ನೂತನ ನಿರ್ದೇಶಕರಿಗೆ,

ಮಾನ್ಯರೇ,

ತಾವು ಅಧಿಕಾರ ವಹಿಸಿಕೊಂಡು ಐದು ವಾರ ಆಗಿದೆಯಷ್ಟೇ. ಅಷ್ಟರಲ್ಲೇ ನನ್ನ ಹೆಂಡತಿಯ ಇಪ್ಪತ್ತೆರಡು ವರ್ಷಗಳ ಕೆಲಸವನ್ನು ಮೂರು ಮೂಟೆ ಯೂರಿಯಾದಲ್ಲಿ ಮುಗಿಸಿಬಿಡಲು ಆದೇಶ ಹೊರಡಿಸಿದ್ದೀರಿ. ತಮ್ಮ ಚುರುಕುತನಕ್ಕೆ ಮೊದಲು ದೊಡ್ಡದೊಂದು ನಮಸ್ಕಾರ.

ನಾನು ದರ್ಜಿ. ಅವಳು ತಮ್ಮ ಕೇಂದ್ರದಲ್ಲಿ ಮಣ್ಣಿನ ವಿಜ್ಞಾನಿ. ನೌಕರರು ಪತ್ರಿಕೆಗೆ ಬರೆಯಕೂಡದು ಎಂದು ತಮ್ಮ ನಿಯಮಾವಳಿ ಹೇಳುತ್ತದಂತೆ. ಇಡೀ ಪುಸ್ತಕ ತಿರುವಿಹಾಕಿದೆ, ನೌಕರರ ಗಂಡಂದಿರ ಬಗ್ಗೆ ಅದರಲ್ಲಿ ಚಕಾರವಿಲ್ಲ. ಹಾಗಾಗಿ ಬರೆಯುತ್ತಿದ್ದೇನೆ. ಮದುವೆಯಾದಾಗಿನಿಂದ ನಮ್ಮ ಫ್ರಿಜ್ಜಿನ ಕೆಳಗಿನ ಅರೆಯಲ್ಲಿ ತರಕಾರಿಗಿಂತ ಮಣ್ಣೇ ಹೆಚ್ಚು ಇದ್ದದ್ದು. ಈ ವಿಷಯದಲ್ಲಿ ಮಾತಾಡಲು ನನಗೂ ಒಂದಿಷ್ಟು ಹಕ್ಕಿದೆ ಎಂದುಕೊಂಡಿದ್ದೇನೆ.

ಓದುಗರಿಗಾಗಿ ಸ್ವಲ್ಪ ವಿವರ. ಕೇಂದ್ರದ ಹಿಂದಿನ ಇಳಿಜಾರಿನಲ್ಲಿ ನನ್ನ ಹೆಂಡತಿಯ ಹನ್ನೆರಡು ತಾಕುಗಳಿವೆ. ತಾಕು ಎಂದರೆ ಪ್ರಯೋಗಕ್ಕೆಂದು ಅಳೆದು ಬಿಟ್ಟ ಹೊಲದ ತುಂಡು. ಹನ್ನೆರಡಕ್ಕೂ ಒಂದೇ ಮೆಕ್ಕೆಜೋಳದ ಬೀಜ, ಬಿತ್ತುವುದೂ ಒಂದೇ ದಿನ. ಒಂದಕ್ಕೆ ಎಲೆಗೊಬ್ಬರ, ಇನ್ನೊಂದಕ್ಕೆ ಯೂರಿಯಾ, ನಾಲ್ಕನೆಯದಕ್ಕೆ ಸುಣ್ಣದ ಪುಡಿ ಮತ್ತು ನಡುನಡುವೆ ಅಲಸಂದೆ, ಹೀಗೆ ಒಂದೊಂದಕ್ಕೆ ಒಂದೊಂದು ಉಪಚಾರ. ಏಳನೆಯದಕ್ಕೆ ಮಾತ್ರ ಏನೂ ಇಲ್ಲ. ಬಿತ್ತುವುದು, ಕಳೆ ಕೀಳುವುದು, ಕೊಯ್ಯುವುದು, ಅಷ್ಟೇ. ನಮ್ಮಂಥ ಬಿಸಿಲು-ಮಳೆಯ ಸೀಮೆಯಲ್ಲಿ ಮಳೆ ಮಣ್ಣಿನ ಸಾರವನ್ನೆಲ್ಲ ತೊಳೆದುಕೊಂಡು ಹೋಗುತ್ತದೆ, ಕೆಂಪು ಮಣ್ಣು ಹುಳಿಯಾಗುತ್ತದೆ. ಅಂಥ ಮಣ್ಣು ಯಾರ ಸಹಾಯವೂ ಇಲ್ಲದೆ ಎಷ್ಟು ಕೊಟ್ಟೀತು? ಅದನ್ನು ತಿಳಿಯಲೆಂದೇ ಏಳನೇ ತಾಕು.

ತಾವು ಬಿಳಿ ಬೂಟು ಹಾಕಿಕೊಂಡು ಹೊಲ ನೋಡಲು ಹೋದಿರಿ. ಏಳನೇ ತಾಕು ಹಳದಿಯಾಗಿ, ಮೊಣಕಾಲೆತ್ತರಕ್ಕೆ ನಿಂತಿತ್ತು. ಮರುದಿನವೇ ನೋಟಿಸ್: "ಏಳನೇ ತಾಕಿನ ಬೆಳೆಯು ಇಪ್ಪತ್ತೆರಡು ವರ್ಷಗಳಿಂದ ಸತತವಾಗಿ ಕಳಪೆಯಾಗಿರುವುದು ದಾಖಲೆಗಳಿಂದ ಕಂಡುಬಂದಿದ್ದು, ಸದರಿ ನಿರ್ಲಕ್ಷ್ಯಕ್ಕೆ ಹತ್ತು ದಿನಗಳೊಳಗೆ ಸಮಜಾಯಿಷಿ ನೀಡತಕ್ಕದ್ದು." ಅದರ ಜೊತೆಗೇ ಇನ್ನೊಂದು ಆದೇಶ: ಹದಿನೆಂಟಕ್ಕೆ ಗಣ್ಯರು ಬರುವುದರಿಂದ, ಸೋಮವಾರ ಆ ತಾಕಿಗೆ ಮೂರು ಮೂಟೆ ಗೊಬ್ಬರ.

ನೋಟಿಸ್ ಓದಿ ಅವಳು ಹೊಟ್ಟೆ ಹಿಡಿದುಕೊಂಡು ನಕ್ಕಳು. "ರೀ, ಇಲ್ಲಿ ನೋಡಿ, ಏನೂ ಮಾಡದೇ ಇದ್ದಿದ್ದಕ್ಕೆ ನಂಗೆ ನೋಟಿಸ್ ಬಂದಿದೆ! ಏನೂ ಮಾಡದೇ ಇರೋಕೆ ನಾನೆಷ್ಟು ಒದ್ದಾಡಿದ್ದೀನಿ ಅಂತ ಇವರಿಗೆ ಯಾರು ಹೇಳ್ಬೇಕು?"

ನಾನು ಹೇಳುತ್ತೇನೆ, ಕೇಳಿ. ಆರನೇ ತಾಕಿನ ಗೊಬ್ಬರದ ನೀರು ಏಳಕ್ಕೆ ಹರಿಯಬಾರದೆಂದು ಅವಳು ಪ್ರತಿ ಮಳೆಗಾಲಕ್ಕೂ ಮುಂಚೆ ನಡುವೆ ಕಾಲುವೆ ತೋಡಿಸಿದ್ದಾಳೆ. ಕೂಲಿಯವರು ಬರದ ವರ್ಷ ತಾನೇ ತೋಡಿದ್ದಾಳೆ. ನಮ್ಮ ಮದುವೆಯ ಹತ್ತನೇ ವರ್ಷದ ದಿನ, ಹೊಸ ಬಟ್ಟೆ ಹಾಕಿಕೊಂಡು ಹೊರಗೆ ಊಟಕ್ಕೆ ಹೊರಟಿದ್ದೆವು. ಯಾರದೋ ಹಸು ಬೇಲಿ ಮುರಿದು ಏಳನೇ ತಾಕಿಗೆ ನುಗ್ಗಿದೆ ಎಂದು ಸುದ್ದಿ ಬಂತು. ಹಸು ತಿಂದದ್ದಕ್ಕೆ ಇವಳಿಗೆ ಚಿಂತೆಯಿಲ್ಲ, ಹಾಕಿದ್ದಕ್ಕೆ ಚಿಂತೆ! ಸಗಣಿಯನ್ನೂ ಅದರಡಿಯ ಒಂದು ಗೇಣು ಮಣ್ಣನ್ನೂ ಬಾಚಿ ತೆಗೆದಳು. ಬುಟ್ಟಿ ಹಿಡಿದು ನಿಂತವನು ನಾನು, ನಾನೇ ಹೊಲಿದ ಹೊಸ ಕೋಟಿನಲ್ಲಿ.

ಇಷ್ಟೆಲ್ಲ ಯಾಕೆ ಎಂದು ತಾವು ಅವಳನ್ನು ಒಂದು ಮಾತು ಕೇಳಬಹುದಿತ್ತಲ್ಲವೇ? ಕೇಳಲಿಲ್ಲ. ನನ್ನ ಕಸುಬಿನ ಲೆಕ್ಕದಲ್ಲೇ ಹೇಳುತ್ತೇನೆ. ಒಮ್ಮೆ ಕತ್ತರಿಸುವ ಮೇಜಿನ ಮೇಲಿದ್ದ ಟೇಪಿನ ತುದಿ ಸವೆದು ಅಸಹ್ಯವಾಗಿತ್ತು. ಹೇಗೂ ಆ ಕಡೆ ಸೊನ್ನೆ ತಾನೇ ಇರುವುದು ಎಂದು ಎರಡು ಇಂಚು ಕತ್ತರಿಸಿ ಬಿಸಾಕಿ, ಮರೆತೂಬಿಟ್ಟೆ. ಗಿರಾಕಿಗಳ ಅಳತೆ ತೆಗೆದದ್ದು ಕೊರಳಲ್ಲಿದ್ದ ಟೇಪಿನಲ್ಲಿ, ಬಟ್ಟೆ ಕತ್ತರಿಸಿದ್ದು ಇದರಲ್ಲಿ. ಆ ವಾರ ಊರಿನ ಬ್ಯಾಂಕ್ ಮ್ಯಾನೇಜರರ ಕಾಲ್ಚೀಲದ ಬಣ್ಣ ಎಲ್ಲರಿಗೂ ತಿಳಿಯಿತು. ಏಳನೇ ತಾಕು ಹನ್ನೆರಡು ತಾಕುಗಳ ಸೊನ್ನೆ, ಮಾನ್ಯರೇ. ನಾಲ್ಕನೇ ತಾಕಿನಲ್ಲಿ ಎರಡು ಪಾಲು ಹೆಚ್ಚು ಬೆಳೆಯಿತು ಎಂದರೆ ಯಾವುದಕ್ಕಿಂತ ಹೆಚ್ಚು? ಅಂದವಾಗಿ ಕಾಣಲಿ ಎಂದು ಅದನ್ನು ಕತ್ತರಿಸುವವರಿಗೆ ನಾನು ಏನನ್ನಬೇಕು?

ಇನ್ನೊಂದು ಸಂಗತಿಯಿದೆ, ಅದನ್ನು ತಮಾಷೆಯಾಗಿ ಹೇಳಲು ನನಗೆ ಬರುವುದಿಲ್ಲ. ಅವಳಿಗೆ ಒಂಬತ್ತು ವರ್ಷವಿದ್ದಾಗ ಅವರ ಮನೆಯವರು ಹಿಂಗಾರಿನ ಬಿತ್ತನೆಗೆಂದು ಇಟ್ಟಿದ್ದ ಜೋಳವನ್ನು ತಿಂದರು. ಮುಂಗಾರಿನ ಕೊಯ್ಲಿಗೆ ಇನ್ನೂ ಎರಡು ತಿಂಗಳಿತ್ತು, ಬೇರೇನೂ ಉಳಿದಿರಲಿಲ್ಲ. ಅವಳ ತಾಯಿ ಬೀಜ ಹುರಿಯುವಾಗ ಬಾಗಿಲು ಹಾಕಿಕೊಂಡಿದ್ದರಂತೆ, ಬೀಜ ಹುರಿಯುವ ವಾಸನೆ ಅಕ್ಕಪಕ್ಕದವರಿಗೆ ಹೋದರೆ ಮಾನ ಹೋಗುತ್ತದೆ ಎಂದು. ಅವಳು ಮಣ್ಣು ಓದಲು ಹೊರಟದ್ದು ಆ ಬಾಗಿಲು ಹಾಕಿದ ಅಡುಗೆಮನೆಯಿಂದ.

ಈ ತಾಕುಗಳಂಥದೇ ಇಳಿಜಾರಿನಲ್ಲಿ ಬೇಸಾಯ ಮಾಡುವ ರೈತ ಹೆಂಗಸೊಬ್ಬರು ಕೆಲವು ವರ್ಷಗಳ ಹಿಂದೆ ಕೇಂದ್ರ ನೋಡಲು ಬಂದಿದ್ದರು. ಅಂದು ಬುತ್ತಿ ಕೊಡಲು ಹೋಗಿದ್ದ ನಾನೂ ಅಲ್ಲಿದ್ದೆ. ಹಚ್ಚಹಸಿರಾಗಿದ್ದ ಯೂರಿಯಾ ತಾಕನ್ನು ತೋರಿಸಿದರೆ, "ಅದು ಸಾಹೇಬರ ಹೊಲ ಬಿಡಿ" ಎಂದು ಮುಂದೆ ಹೋದರು. ಏಳರ ಮುಂದೆ ಗಕ್ಕನೆ ನಿಂತರು.

"ಇದು ನಮ್ಮ ಹೊಲದ ಥರಾನೇ ಇದೆಯಲ್ಲಮ್ಮಾ!"

ನನ್ನ ಹೆಂಡತಿ ಅವರ ಕೈ ಹಿಡಿದು ನಾಲ್ಕರ ಬಳಿಗೆ ಕರೆದುಕೊಂಡು ಹೋದಳು. "ಇದೂ ಅದೇ ಮಣ್ಣೇ ಅಕ್ಕಾ. ಸುಣ್ಣದ ಪುಡಿ, ಅಲಸಂದೆ. ಬೇರೆ ಏನೂ ಹಾಕಿಲ್ಲ."

ಅವರು ನಂಬಿದರು. ಇವತ್ತು ಆ ಇಳಿಜಾರಿನ ನಲವತ್ತು ಮನೆಗಳಲ್ಲಿ ಕೊಯ್ಲಿಗೆ ಮುಂಚಿನ ತಿಂಗಳುಗಳಲ್ಲೂ ಎರಡು ಹೊತ್ತು ಒಲೆ ಉರಿಯುತ್ತಿದೆ. ಆಚೆ ಬೆಟ್ಟದವರು ಇನ್ನೂ ನೋಡಲು ಬರುವವರಿದ್ದಾರೆ. ಅವರ ಹೊಲವನ್ನು ಅವರಿಗೆ ನಾವು ಎಲ್ಲಿ ತೋರಿಸೋಣ?

ಗಣ್ಯರಿಗೆ ಹಸಿರೇ ಬೇಕಿದ್ದರೆ ತಮ್ಮ ಕಚೇರಿಯ ಮುಂದೆ ಹುಲ್ಲುಹಾಸಿದೆ, ಮೂರೂ ಮೂಟೆ ಅಲ್ಲಿಗೆ ಸುರಿಯಿರಿ, ನಮ್ಮ ಆಕ್ಷೇಪಣೆಯಿಲ್ಲ. ಬುದ್ಧಿವಂತ ಗಣ್ಯರಾದರೆ ಏಳನ್ನೇ ಮೊದಲು ತೋರಿಸಿ.

ನಿನ್ನೆ ಹೊಲದ ಮೇಸ್ತ್ರಿ ಫೋನು ಮಾಡಿದರು. "ಮೇಡಂ, ಮೂಟೆ ಇಳಿಸ್ಬಿಟ್ರು. ನಾನೇನು ಮಾಡ್ಲಿ ಹೇಳಿ?" ಆಗ ಅವಳ ನಗು ನಿಂತಿತು. ಸಂಜೆ ಹುಡುಕಿಕೊಂಡು ಹೋದರೆ ಏಳನೇ ತಾಕಿನ ಬದುವಿನ ಮೇಲೆ ಕೂತಿದ್ದಳು. ಹೊಸದಾಗಿ ಇನ್ನೊಂದು ತಾಕು ಮಾಡಿದರಾಯಿತು ಎಂದು ಸಮಾಧಾನ ಹೇಳಲು ಹೋದೆ. ಅದಕ್ಕೂ ಇಪ್ಪತ್ತೆರಡು ವರ್ಷ ಬೇಕು ಎಂದಳು. ಅವಳಿಗೀಗ ಐವತ್ತೊಂಬತ್ತು.

"ಗೊಬ್ಬರ ಬಿದ್ರೆ ವಾರದೊಳಗೆ ಹಸಿರಾಗುತ್ತೆ ರೀ," ಎಂದಳು. "ಎಷ್ಟು ಚೆನ್ನಾಗಿ ಕಾಣುತ್ತೆ ಅಂದ್ರೆ, ಏನೋ ಹಾಳಾಯ್ತು ಅಂತ ಯಾರಿಗೂ ಗೊತ್ತೇ ಆಗಲ್ಲ."

ಈಗ ತಮಗೆ ಗೊತ್ತಾಗಿದೆ. ಈ ಪತ್ರಿಕೆ ತಮ್ಮ ಮೇಜಿಗೆ ಬರುವುದು ಸೋಮವಾರ ಬೆಳಿಗ್ಗೆ ಎಂಟಕ್ಕೆ. ಮೇಸ್ತ್ರಿ ಮೂಟೆ ಬಿಚ್ಚುವುದು ಒಂಬತ್ತಕ್ಕೆ. ಆದೇಶ ರದ್ದಾಗಿದೆ ಎಂದು ಬರೆಯಲು ಒಂದು ಗಂಟೆ ಧಾರಾಳವಾಗಿ ಸಾಕು.

ಇಂತಿ,
ಹೆಂಡತಿಯನ್ನು ಕೇಳದೆ ಇದನ್ನು ಬರೆದದ್ದಕ್ಕೆ ಅದೇ ಎಂಟು ಗಂಟೆಗೆ ಮನೆಯಲ್ಲಿ ಬೈಸಿಕೊಳ್ಳಲಿರುವ
ಒಬ್ಬ ದರ್ಜಿ