ಗಗನಳ ತಪ್ಪಿಲ್ಲ

ಅಪ್ಪಾಜಿ,

ಮಂಡ್ಯದಿಂದ ಗಗನಳ ರಿಪೋರ್ಟು ಬಂತು. ಸೊಂಟದ ಮೂಳೆ ಸತ್ತುಹೋಗಿದೆ. ಕಬಡ್ಡಿಯಲ್ಲಿ ಬಿದ್ದಿದ್ದಕ್ಕಲ್ಲ, ಸಿಕಲ್ ಸೆಲ್ ಎಂಬ, ಹುಟ್ಟಿನಿಂದಲೇ ಬರುವ ರಕ್ತದ ಕಾಯಿಲೆಯಿಂದ. ಆಸ್ಪತ್ರೆ ರಿಪೋರ್ಟುಗಳಿಗೆ ಕಾಯಿಲೆಯ ಕೋಡ್ ಸಂಖ್ಯೆ ಹಾಕುವ ನನ್ನ ಕೆಲಸದಲ್ಲಿ ಮೊದಲು ಮೂಲ ಕಾಯಿಲೆ ಬರೆಯಬೇಕು, ಆಮೇಲೆ ಮೂಳೆ. ಯಾರ್ಯಾರದೋ ಮೂಳೆಗೆ ದಿನವೂ ಕೋಡ್ ಬರೆಯುತ್ತೇನೆ. ತಂಗಿಯದು ಓದುವಾಗ ಅಕ್ಷರವೇ ಕಾಣಲಿಲ್ಲ.

ಆಪರೇಷನ್ ವಿಚಾರ ಕೇಳಲು ಅಮ್ಮನ ಜೊತೆ ಮೈಸೂರಿಗೆ ಹೊರಟಿದ್ದೇನೆ. ಗಗನ ಮಲಗಿದ್ದಾಳೆ. ಮುದ್ದೆ ಮುಚ್ಚಿಟ್ಟಿದ್ದೇನೆ, ಸಾರು ಬಿಸಿ ಮಾಡಿಕೊಡಿ. ನೀರು ಚೆನ್ನಾಗಿ ಕುಡಿಸಿ.

"ಆಡ್ಬ್ಯಾಡ ಅಂದ್ರೆ ಕೇಳುದ್ಯಾ" ಎಂದು ಇನ್ನು ಬೈಯಬೇಡಿ. ನಿನ್ನೆ ಅವಳು, "ನಾನೇ ಕಾಲ್ ಆಳ್ಮಾಡ್ಕೊಂಡೆ ಕಣಕ್ಕ" ಎಂದು ಅತ್ತಳು. ರಿಪೋರ್ಟಿನ ವಿಷಯ ಅವಳಿಗೆ ನಾನಿನ್ನೂ ಹೇಳಿಲ್ಲ. ಅವಳ ತಪ್ಪಿಲ್ಲ ಎಂದು ನೀವೇ ಹೇಳಿ. ಬೈದವರು ಹೇಳಿದರೇ ನಂಬುತ್ತಾಳೆ.

ದೀಪಿಕ